ನಗಿಸಿದ ಅಜ್ಜಿ



ಹಾಡು, ಕುಣಿತ, ಕಸರತ್ತು, ಹಾಸ್ಯ ಎಲ್ಲವನ್ನೂ ಒಂದೇ ಟಿಕೀಟಿಗೆ ಉಣಬಡಿಸುತ್ತಿದ್ದ ಅಮೆರಿಕದ ಹಳೆಯ ರಂಗಕ್ಕೆ ವಾಡ್‌ವಿಲ್ ಎಂದು ಹೆಸರು. ಹೆಣ್ಣು ಅಲ್ಲಿ ಚೆಲುವೆಯಾಗಿ ಕಂಡರಾಯಿತು, ನಗಿಸುವುದು ಗಂಡಸಿನ ಕಸುಬು ಎಂಬ ಭಾವನೆ ಬಲವಾಗಿತ್ತು. ಅದನ್ನು ಅಳ್ಳಾಡಿಸಿದ ಹೆಂಗಸರಲ್ಲಿ ಮಾಮ್ಸ್ ಮೇಬ್ಲಿಯ ಮಾತನ್ನಷ್ಟೇ ಇಂದು ಹೇಳುತ್ತೇನೆ.

ನಾರ್ತ್ ಕ್ಯಾರೊಲಿನಾದ ಬ್ರೆವಾರ್ಡ್ ಊರಿನ ಈ ಕಪ್ಪು ಹುಡುಗಿ, ಕಪ್ಪು ಜನರಿಗೆಂದೇ ಇದ್ದ ನಾಟಕಶಾಲೆಗಳಲ್ಲಿ ಊರೂರು ಅಲೆದಳು. ಇನ್ನೂ ಹರೆಯದಲ್ಲಿಯೇ ಮುದುಕಿಯ ವೇಷ ತೊಟ್ಟಳು. ಮನೆಯಲ್ಲಿ ತೊಡುವ ಸಡಿಲ ಅಂಗಿ, ಜೋತುಬಿದ್ದ ಟೋಪಿ. ಮುಂದೆ ಬೊಚ್ಚುಬಾಯಿಯೂ ಸೇರಿತು. ಮುದುಕರೆಂದರೆ ಈ ಅಜ್ಜಿಗೆ ಆಗದು, ಹರೆಯದ ಹುಡುಗರೇ ಬೇಕು! ಸಭೆ ಬಿದ್ದು ಬಿದ್ದು ನಗುತ್ತಿತ್ತು. ಆ ನಗೆಯ ನಡುವೆಯೇ ವರ್ಣಭೇದಕ್ಕೂ ಚುಚ್ಚುಮಾತು. ಅದನ್ನೇ ಕಪ್ಪು ತರುಣಿಯೊಬ್ಬಳು ನೇರವಾಗಿ ಆಡಿದ್ದರೆ ಎಷ್ಟು ಜನ ಸಹಿಸುತ್ತಿದ್ದರು? ಅಜ್ಜಿಯ ಬಾಯಿಗೆ ಬೀಗ ಹಾಕಿದವರು ನಮ್ಮ ಮನೆಗಳಲ್ಲಾದರೂ ಉಂಟೆ?

1930ರ ದಶಕದಲ್ಲಿ ಸಿನಿಮಾದೆದುರು ವಾಡ್‌ವಿಲ್ ಸೊರಗಿತು, ಅಜ್ಜಿ ಸೊರಗಲಿಲ್ಲ. 1939ರಲ್ಲಿ ಹಾರ್ಲೆಮ್ಮಿನ ಅಪೊಲೊ, 1962ರಲ್ಲಿ ಕಾರ್ನೆಗಿ ಹಾಲ್. 1975ರಲ್ಲಿ ತೀರಿಕೊಳ್ಳುವ ಹೊತ್ತಿಗೆ ವೇಷದ ಮುಪ್ಪು ಆಕೆಗೆ ನಿಜವಾಗಿಯೇ ಬಂದಿತ್ತು.