ಬೆಳಕಿನ ಕಾಯಕ
(ಮಹೋತ್ಸವದ ಸಭೆಯಲ್ಲಿ ಮಾಡಿದ ಉಪನ್ಯಾಸ)

 

ಕಾಯಕದಲ್ಲಿ ಮೇಲು-ಕೀಳೆಂಬ ಭೇದವಿಲ್ಲವೆಂಬದು ಶರಣರು ಲೋಕಕ್ಕಿತ್ತ ಮಹಾತತ್ತ್ವವು. ಇದಕ್ಕೆ ನಿದರ್ಶನವು ಮಠಮಾನ್ಯಗಳಲ್ಲಿಯೇ ದೊರೆಯಬೇಕೆಂಬ ನಿಯಮವಿಲ್ಲ. ಚಲಚ್ಚಿತ್ರವೆಂದರೆ ಬರಿಯ ವಿನೋದ, ಮಕ್ಕಳ ಚಿತ್ರವೆಂದರೆ ಅದಕ್ಕಿಂತಲೂ ಕೆಳಗಿನದು ಎಂದು ಬಗೆಯುವವರುಂಟು. ಅಂತಹವರು ವಂಗದೇಶದ ಛಾಯಾಗ್ರಾಹಕರಾದ ಸೌಮೇಂದು ರಾಯರ ಬಾಳನ್ನು ಪರ್ಯಾಲೋಚಿಸಬೇಕು.

೧೯೫೫ರಲ್ಲಿ ಹೊರಬಂದ 'ಪಥೇರ್ ಪಾಂಚಾಲಿ'ಯನ್ನು ಸತ್ಯಜಿತ್ ರಾಯರು ತೆಗೆಯುತ್ತಿದ್ದಾಗ, ಕ್ಯಾಮರಾ ಯಂತ್ರವನ್ನು ಜೋಪಾನವಾಗಿ ಕಾಯುವದಷ್ಟೇ ತರುಣ ಸೌಮೇಂದುಗಳ ಕೆಲಸವಾಗಿದ್ದಿತು. ಆ ಯಂತ್ರವನ್ನು ನಡೆಸುತ್ತಿದ್ದ ಸುಬ್ರತ ಮಿತ್ರರೇ ಅವರಿಗೆ ಗುರುಗಳಾದರು. 'ಅಪರಾಜಿತೋ' (೧೯೫೬) ಚಿತ್ರಕ್ಕಾಗಿ ಕಟ್ಟಿದ ಕಾಶಿಯ ಮನೆಯ ಅಂಗಳದ ಮೇಲೆ ಮಿತ್ರರು ಬಿಳಿಯ ಬಟ್ಟೆಯನ್ನು ಬಿಗಿದು, ದೀಪಗಳ ಬೆಳಕು ಅದಕ್ಕೆ ತಾಗಿ ಮೃದುವಾಗಿ ಹಿಂದಿರುಗುವಂತೆ ಮಾಡಿದರು. ದೀಪದ ಬೆಳಕು ಹಗಲಿನ ಬೆಳಕೇ ಆಯಿತು. ೧೯೬೧ರಲ್ಲಿ ಗುರುಗಳಿಗೆ ಕಣ್ಣುಬೇನೆಯುಂಟಾಗಲು, 'ತೀನ್ ಕನ್ಯಾ' ಚಿತ್ರದ ಭಾರವು ಶಿಷ್ಯರ ಮೇಲೆ ಬಿದ್ದಿತು. ರವೀಂದ್ರರ ಕಥೆಗಳಿಂದಾದ ಆ ಚಿತ್ರದ ಮೊದಲ ಭಾಗದಲ್ಲಿ, ಅಂಚೆಯ ಮಾಸ್ತರರ ಮನೆಗೆಲಸ ಮಾಡುವ ರತನಳೆಂಬ ಅನಾಥ ಬಾಲಿಕೆಯೇ ಮುಖ್ಯಳು. ಹೀಗೆ ಆ ಚಿತ್ರದಲ್ಲಿ ಒಂದು ಮಗುವಿನ ಮುಖಕ್ಕೆ ಬೆಳಕು ಹಿಡಿಯುವದೇ ಅವರ ಕಾಯಕವಾಯಿತು.

ಕಾಲಕ್ರಮದಲ್ಲಿ ಸತ್ಯಜಿತರು ಯಂತ್ರವನ್ನು ತಾವೇ ನಡೆಸತೊಡಗಿದರು. ಸೌಮೇಂದುಗಳ ಪಾಲಿಗೆ ಉಳಿದುದು ಬೆಳಕು. ನೋಡುವವರು ನಟನನ್ನು ಹೊಗಳುವರು, ಕಥೆಯನ್ನು ಹೊಗಳುವರು; ಬೆಳಕನ್ನು ಹೊಗಳುವವರಾರು? ಆದರೂ ಅವರು ಆ ಕೆಲಸದಲ್ಲಿ ಬೇಸರಗೊಳ್ಳದೆ ನಿಂತರು. ೧೯೬೯ರ 'ಗೂಪಿ ಗಾಯ್ನೆ ಬಾಘಾ ಬಾಯ್ನೆ'ಯಲ್ಲಿ ಬಿದಿರುಮೆಳೆಯ ಭೂತಗಳು ನಮ್ಮ ದಕ್ಷಿಣದ ಮೃದಂಗ, ಘಟ, ಖಂಜಿರ, ಮೋರ್ಸಿಂಗುಗಳ ನಾದಕ್ಕೆ ಕುಣಿಯುವವು. ಹಣದ ಅಭಾವದಿಂದ ಆ ಚಿತ್ರವು ಬಹುಮಟ್ಟಿಗೆ ಕಪ್ಪು-ಬಿಳುಪಿನಲ್ಲಿಯೇ ಇದ್ದು, ಕಡೆಯ ಭಾಗದಲ್ಲಿ ಮಾತ್ರ ಬಣ್ಣ ತಳೆಯುವದು.

ಇಲ್ಲಿ ಒಂದು ಸಂಗತಿಯನ್ನು ವಿಶೇಷವಾಗಿ ಗಮನಿಸತಕ್ಕದ್ದು. ೧೯೪೩ರ ವಂಗದ ಕ್ಷಾಮವನ್ನು ಕುರಿತ 'ಅಶನಿ ಸಂಕೇತ'ಕ್ಕಾಗಿ ಅವರಿಗೆ ೧೯೭೩ರ ರಾಷ್ಟ್ರಪ್ರಶಸ್ತಿಯು ದೊರೆಯಿತು. ಮರುವರ್ಷದ ಪ್ರಶಸ್ತಿಯು ಬಂದುದು ಮಕ್ಕಳ ಚಿತ್ರವಾದ 'ಸೋನಾರ್ ಕೆಲ್ಲಾ'ಕ್ಕೆ! ಅದರಲ್ಲಿ ಮುಕುಲನೆಂಬ ಬಾಲಕನು ಪೂರ್ವಜನ್ಮದ ಬಂಗಾರದ ಕೋಟೆಯನ್ನು ನೆನೆಯುವನು. ಜೈಸಲ್ಮೇರದ ಹಳದಿಗಲ್ಲಿನ ಕೋಟೆಯೇ ಅದು. ಮಗುವಿಗೆ ಕಂಡ ಬಂಗಾರವು ನೋಡುವವರಿಗೂ ಕಾಣದಿದ್ದರೆ ಕಥೆಯೇ ಸುಳ್ಳಾಗುತ್ತಿದ್ದಿತು. ಹಸಿದವರ ಗೋಳಿಗೆ ಕೊಟ್ಟ ಶ್ರದ್ಧೆಯನ್ನೇ ಅವರು ಮಗುವಿನ ಕನಸಿಗೂ ಕೊಟ್ಟರು.

ಬಳಿಕ ಕಾಶಿಯಲ್ಲಿ ನಡೆಯುವ 'ಜಯ ಬಾಬಾ ಫೇಲುನಾಥ' (೧೯೭೯), ಅನಂತರ 'ಹೀರಕ ರಾಜಾರ್ ದೇಶೇ' (೧೯೮೦) ಬಂದವು. ಈ ಎರಡನೆಯದರಲ್ಲಿ ದುಷ್ಟರಾಜನು ಪಾಠಶಾಲೆಯನ್ನು ಮುಚ್ಚಿಸುವನು. ಪಂಡಿತನು ಎದೆಗುಂದದೆ ಎದುರು ನಿಲ್ಲುವನು. ಕಡೆಗೆ ರಾಜನ ಪ್ರತಿಮೆಯೇ ನೆಲಕ್ಕುರುಳುವದು. ಜ್ಞಾನದಾಸೋಹವನ್ನು ವ್ರತವಾಗಿ ಹಿಡಿದ ಮಠಗಳ ಭಕ್ತರಿಗೆ ಇದರ ಮರ್ಮವನ್ನು ಬಿಡಿಸಿ ಹೇಳಬೇಕಾದುದಿಲ್ಲ.

ತಾವು ಕಲಿತುದನ್ನು ಕಿರಿಯರಿಗೆ ಧಾರೆಯೆರೆದು, ಸೌಮೇಂದು ರಾಯರು ೨೦೨೩ರ ಸಪ್ಟೆಂಬರದಲ್ಲಿ ಕಾಲವಶರಾದರು. ದೀಪವು ತನ್ನನ್ನು ತೋರಿಸಿಕೊಳ್ಳುವದಕ್ಕಾಗಿ ಉರಿಯುವದಿಲ್ಲ. ಎಳೆಯರಿಗಾಗಿ ಮಾಡುವ ಕೆಲಸವು ಕಿರಿದೆಂದು ಯಾರೂ ತಿಳಿಯದಿರಲಿ; ಮನೆಯಲ್ಲಾಗಲಿ ಶಾಲೆಯಲ್ಲಾಗಲಿ ಅದನ್ನು ಪೂರ್ಣಮನಸ್ಸಿನಿಂದ ಮಾಡುವದೇ ಶಿವಾರ್ಪಣವು.