ಪರ್ಯಾಯ ಪದದ ಬೆಲೆ

ಮೂವತ್ತೈದು ವರ್ಷ ಕನ್ನಡ ಪಾಠ ಹೇಳಿದವನು ನಾನು. ‘ಪರ್ಯಾಯ ಪದಗಳನ್ನು ಬರೆಯಿರಿ’ ಎಂಬ ಪ್ರಶ್ನೆಗೆ ಬಂದ ಉತ್ತರಗಳನ್ನು ಎಷ್ಟು ತಿದ್ದಿದೆನೋ ಲೆಕ್ಕವಿಲ್ಲ. ಕಮಲಕ್ಕೆ ತಾವರೆಯೆಂದು ಬರೆದವನಿಗೂ ಪದ್ಮವೆಂದು ಬರೆದವನಿಗೂ ಒಂದೇ ಅಂಕ. ಒಂದು ಹೆಸರು ಮತ್ತೊಂದಕ್ಕೆ ಸಮವೆಂದು ಬರೆದುದರಿಂದ ಯಾರದಾದರೂ ಅನ್ನಕ್ಕೆ ಕುತ್ತು ಬಂದೀತೆಂದು ಆಗ ನನಗೆ ಹೊಳೆದಿರಲಿಲ್ಲ.

ನಾನು ನಿವೃತ್ತನಾದ ಮರುವರ್ಷ ಹಳೆಯ ವಿದ್ಯಾರ್ಥಿಯೊಬ್ಬ ಮನೆಗೆ ಬಂದ. ಪರಿಶಿಷ್ಟ ಜಾತಿಗೆ ಮೀಸಲಾದ ಹುದ್ದೆಯೊಂದರಲ್ಲಿ ಇಪ್ಪತ್ತೈದು ವರ್ಷ ದುಡಿದು ತಲೆ ನರೆತಿತ್ತು. “ಸಾರ್, ಪ್ರಮಾಣಪತ್ರ ಕೊಟ್ಟವರು ತಹಶೀಲ್ದಾರರು. ನನ್ನ ಜಾತಿಯ ಹೆಸರನ್ನು ನಾನು ಮುಚ್ಚಿಟ್ಟಿರಲಿಲ್ಲ. ಈಗ ಕೆಲಸದಿಂದ ಏಕೆ ತೆಗೆಯಬಾರದೆಂದು ಕೇಳಿದ್ದಾರೆ” ಎಂದು ನೋಟೀಸನ್ನು ಮುಂದಿಟ್ಟ.

ನಡೆದದ್ದು ಇಷ್ಟು. 1977ರಲ್ಲಿ ಕರ್ನಾಟಕ ಸರ್ಕಾರವು ಕೋಟೆಗಾರ ಮೊದಲಾದ ಕೆಲವು ಹೆಸರುಗಳನ್ನು ಪರಿಶಿಷ್ಟ ಜಾತಿಗಳ ಪಟ್ಟಿಯಲ್ಲಿದ್ದ ಹೆಸರಿಗೆ ಪರ್ಯಾಯವೆಂದು ಸುತ್ತೋಲೆಯ ಮೂಲಕ ಪರಿಗಣಿಸಿತು. ಅದನ್ನು ನಂಬಿ ಪ್ರಮಾಣಪತ್ರ ಪಡೆದವರು ನೌಕರಿಗೆ ಸೇರಿದರು. ಆದರೆ ಸಂವಿಧಾನದ 341ನೆಯ ವಿಧಿಯಂತೆ, ರಾಷ್ಟ್ರಪತಿಗಳ ಆದೇಶದಿಂದ ಒಮ್ಮೆ ಗೊತ್ತಾದ ಆ ಪಟ್ಟಿಗೆ ಹೆಸರು ಸೇರಿಸುವ, ತೆಗೆಯುವ ಅಧಿಕಾರ ಸಂಸತ್ತಿಗೆ ಮಾತ್ರ ಉಂಟು. ನಿಘಂಟುಕಾರನಿಗಿರುವ ಸ್ವಾತಂತ್ರ್ಯ ರಾಜ್ಯ ಸರ್ಕಾರಕ್ಕಿಲ್ಲ. 2002ರಲ್ಲಿ ಸರ್ಕಾರ ತನ್ನ ಮಾತನ್ನು ಹಿಂತೆಗೆದುಕೊಂಡಿತು. 2003ರಲ್ಲಿ, ಈಗಾಗಲೇ ನೇಮಕಗೊಂಡವರು ಮುಂದೆ ಮೀಸಲಾತಿಯ ಸೌಲಭ್ಯ ಪಡೆಯದೆ ಸಾಮಾನ್ಯ ವರ್ಗದವರಾಗಿ ಕೆಲಸದಲ್ಲಿ ಉಳಿಯಬಹುದೆಂದಿತು. ಆದರೂ ನೋಟೀಸುಗಳು ಹೊರಟವು. ಇಂಥ ಬ್ಯಾಂಕ್ ನೌಕರರ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು 2024ರ ಆಗಸ್ಟ್ 28ರಂದು, ರಾಜ್ಯಕ್ಕೆ ಅಧಿಕಾರವಿರಲಿಲ್ಲವೆಂದು ಹೇಳಿಯೂ ನೌಕರರ ಕೆಲಸವನ್ನು ಉಳಿಸಿಕೊಟ್ಟಿತು.

ಈ ತೀರ್ಪನ್ನು ನಾನು ಸಮಾಧಾನದಿಂದ ಓದಿದೆನಾದರೂ ಆ ಸಮಾಧಾನ ಪೂರ್ಣವಾಗಿರಲಿಲ್ಲ. ನೋಟೀಸು ಬಂದವನ ಸಂಕಟಕ್ಕೆ ಒಂದು ಕಡತವಿದೆ, ವಕೀಲರಿದ್ದಾರೆ, ತೀರ್ಪಿದೆ. ಅದೇ ಹುದ್ದೆ ಸಲ್ಲಬೇಕಾಗಿದ್ದ ಮತ್ತೊಬ್ಬನಿಗೆ ಇದಾವುದೂ ಇಲ್ಲ. ತಾನು ಏನನ್ನು ಕಳೆದುಕೊಂಡೆನೆಂಬುದೇ ಅವನಿಗೆ ತಿಳಿಯದು. ಅಂಕ ಸಾಲಲಿಲ್ಲವೆಂದುಕೊಂಡು ಅವನು ಊರಿಗೆ ಮರಳಿರಬಹುದು. ಅವನನ್ನು ನೆನೆದಾಗ, ಅನರ್ಹರು ಪಡೆದ ಮೀಸಲು ಹುದ್ದೆಯನ್ನು ದೀರ್ಘ ಸೇವೆಯ ಕಾರಣಕ್ಕೆ ಉಳಿಸಲಾಗದೆಂದು ಇದೇ ನ್ಯಾಯಾಲಯ 2017ರಲ್ಲಿ ಮಹಾರಾಷ್ಟ್ರದ ಪ್ರಕರಣಗಳಲ್ಲಿ ಹೇಳಿದ ಮಾತಿನ ಕಾಠಿಣ್ಯ ಅರ್ಥವಾಗುತ್ತದೆ.

ಹಾಗಾದರೆ ದಾರಿ ಯಾವುದು? 1994ರ ಮಾಧುರಿ ಪಾಟೀಲ್ ಪ್ರಕರಣದ ತೀರ್ಪು ಅದನ್ನು ತೋರಿತ್ತು. ಪರಿಶೀಲನಾ ಸಮಿತಿ ಇರಬೇಕು. ಅದರ ಅಧಿಕಾರಿ ಅರ್ಜಿದಾರನ ಮೂಲ ಊರಿಗೆ ಹೋಗಿ ಶಾಲೆಯ ದಾಖಲೆ ನೋಡಬೇಕು, ಹಿರಿಯರನ್ನು ವಿಚಾರಿಸಬೇಕು. ಬುಡಕಟ್ಟಿನವರಾದರೆ ಅವರ ದೈವ, ಮದುವೆ, ಶವಸಂಸ್ಕಾರಗಳ ಪದ್ಧತಿಯನ್ನೂ ಅರಿಯಬೇಕು. ಮುಖ್ಯವಾಗಿ, ಇದೆಲ್ಲ ಪ್ರವೇಶಕ್ಕೆ, ನೇಮಕಕ್ಕೆ ಮೊದಲೇ ಮುಗಿಯಬೇಕು. ಹೊಸ್ತಿಲಲ್ಲಿ ಕೇಳಬೇಕಾದುದನ್ನು ನಿವೃತ್ತಿಯ ಅಂಚಿನಲ್ಲಿ ಕೇಳುವುದು ಪರಿಶೀಲನೆಯಲ್ಲ, ಆಲಸ್ಯ. ಸುಳ್ಳು ಹೇಳಿ ಬಂದವನನ್ನೂ ಸರ್ಕಾರದ ಸುತ್ತೋಲೆಯನ್ನು ನಂಬಿ ಬಂದವನನ್ನೂ ಒಂದೇ ತಕ್ಕಡಿಯಲ್ಲಿ ತೂಗಲಾಗದು. ಆದರೆ ನಂಬಿದವನನ್ನು ಉಳಿಸಿದಾಗ, ಹೋದ ಸ್ಥಾನವನ್ನು ಬಾಕಿಯೆಂದು ಬರೆದುಕೊಂಡು ನಿಜವಾದ ಹಕ್ಕುದಾರರಿಗೆ ತುಂಬಿಕೊಡುವುದೂ ಸರ್ಕಾರದ ಋಣವೇ. ತಪ್ಪು ಮಾಡಿದ್ದು ಸರ್ಕಾರ. ಅದರ ಬೆಲೆಯನ್ನು ಬಡವರಿಬ್ಬರ ನಡುವೆ ಹಂಚಿ ಕೈತೊಳೆದುಕೊಳ್ಳಬಾರದು.

ತೀರ್ಪು ಬಂದ ಮೇಲೆ ಆ ವಿದ್ಯಾರ್ಥಿ ಮತ್ತೆ ಬಂದಿದ್ದ. ಕಾಫಿ ಕುಡಿದು ಬಹಳ ಹೊತ್ತು ಸುಮ್ಮನೆ ಕುಳಿತಿದ್ದ. ಏಳುವಾಗ, “ಸಾರ್, ನನ್ನ ಜಾಗಕ್ಕೆ ಬರಬೇಕಾಗಿದ್ದವರು ಈಗ ಎಲ್ಲಿದ್ದಾರೋ” ಎಂದ. ಗೇಟಿನವರೆಗೂ ಅವನೊಡನೆ ನಡೆದು ಹೋದೆ. ಉತ್ತರ ಹೇಳಲು ನನ್ನಿಂದ ಆಗಲಿಲ್ಲ.