ಜಾಮೀನಿನ ರುಜು ಸಾಕ್ಷಿಯ ರುಜುವಲ್ಲ

(ಕಾಸರಗೋಡು ಜಿಲ್ಲೆಯ ಕನ್ನಡ ಮಾಧ್ಯಮ ಶಾಲೆಯೊಂದರ ರಕ್ಷಕ-ಶಿಕ್ಷಕ ಸಂಘದ ಸಭೆಯಲ್ಲಿ ಮಾಡಿದ ಭಾಷಣ)



ಶಾಲೆಯ ಸಭೆಯಲ್ಲಿ ಸಾಲದ ಮಾತೇಕೆ ಎಂದು ನೀವು ಕೇಳಬಹುದು. ನಮ್ಮ ಮಕ್ಕಳು ನಾಳೆ ನರ್ಸಿಂಗ್, ಇಂಜಿನಿಯರಿಂಗ್ ಎಂದು ಹೊರಡುತ್ತಾರೆ. ಆಗ ಸಾಲ ಬೇಕು, ಸಾಲಕ್ಕೆ ಜಾಮೀನು ಬೇಕು. ಇಂದು ನೆರೆಯವರು ನಮ್ಮ ಬಾಗಿಲಿಗೆ ಬರುತ್ತಾರೆ, ನಾಳೆ ನಾವು ಅವರ ಬಾಗಿಲಿಗೆ ಹೋಗುತ್ತೇವೆ. "ಒಂದು ರುಜು ಅಷ್ಟೇ" ಎಂಬ ಮಾತು ಬರುತ್ತದೆ. ಕಾಗದ ಇರುವುದು ಇಂಗ್ಲಿಷಿನಲ್ಲಿ ಅಥವಾ ಮಲಯಾಳದಲ್ಲಿ. ಕನ್ನಡದಲ್ಲಿ ಕಲಿತ ನಮ್ಮಲ್ಲಿ ಹಲವರು ಓದದೆಯೇ ರುಜು ಹಾಕುತ್ತೇವೆ.

ಆ ರುಜುವಿನ ಅರ್ಥ 1872ರ ಭಾರತೀಯ ಕರಾರು ಕಾಯಿದೆಯಲ್ಲಿದೆ. ಅದರ 128ನೇ ಕಲಮಿನಂತೆ, ಕರಾರಿನಲ್ಲಿ ಬೇರೆ ರೀತಿ ಬರೆದಿಲ್ಲವಾದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆಯೂ ಅಷ್ಟೇ. ಸಾಕ್ಷಿ ಹಾಕಿದವನು ಕಂಡದ್ದನ್ನು ಹೇಳಿದರೆ ಸಾಕು. ಜಾಮೀನು ನಿಂತವನು ಹಣ ಕಟ್ಟಬೇಕು. ಅಸಲಿನೊಂದಿಗೆ ಬಡ್ಡಿಯೂ ಖರ್ಚೂ ಸೇರುತ್ತವೆ.

"ಮೊದಲು ಸಾಲಗಾರನಿಂದ ವಸೂಲು ಮಾಡಲಿ, ಆಮೇಲೆ ನನ್ನಲ್ಲಿಗೆ ಬರಲಿ" ಎಂದು ಹೆಚ್ಚಿನವರು ನಂಬಿದ್ದಾರೆ. ಬ್ಯಾಂಕ್ ಆಫ್ ಬಿಹಾರ್ ಮತ್ತು ದಾಮೋದರ ಪ್ರಸಾದ್ ಮೊಕದ್ದಮೆಯಲ್ಲಿ ಕೆಳ ನ್ಯಾಯಾಲಯವೂ ಹಾಗೆಯೇ ಷರತ್ತು ಹಾಕಿತ್ತು. 1968ರಲ್ಲಿ ಸುಪ್ರೀಂ ಕೋರ್ಟು ಅದನ್ನು ತೆಗೆದುಹಾಕಿತು. ಸಾಲಗಾರನ ಬೆನ್ನು ಹತ್ತಿ ಮುಗಿಯುವ ತನಕ ಕಾಯಬೇಕಾದರೆ ಜಾಮೀನು ಪಡೆದ ಉದ್ದೇಶವೇ ಕೆಡುತ್ತದೆ ಎಂಬುದು ಆ ತೀರ್ಪಿನ ಸಾರ. ಅಂದರೆ, ಕಂತು ತಪ್ಪಿದಾಗ ಮೊದಲ ನೋಟೀಸು ನಿಮಗೇ ಬರಬಹುದು.

"ಇಬ್ಬರು ಜಾಮೀನುದಾರರಿದ್ದೇವೆ, ನನಗೆ ಅರ್ಧ ಮಾತ್ರ" ಎಂಬುದೂ ಪೂರ್ತಿ ನಿಜವಲ್ಲ. ಒಟ್ಟಾಗಿಯೂ ಪ್ರತ್ಯೇಕವಾಗಿಯೂ ಹೊಣೆ ಎಂದು ಬರೆದಿದ್ದರೆ ಪೂರ್ಣ ಮೊತ್ತವನ್ನು ಒಬ್ಬರಿಂದಲೇ ಕೇಳಬಹುದು. ಪಾಲಿನ ಲೆಕ್ಕ ಜಾಮೀನುದಾರರ ಒಳಗಿನದು.

ಸಂಬಳ ಬರುವವರು ಇನ್ನೂ ಜಾಗ್ರತೆ ವಹಿಸಬೇಕು. ಕೋರ್ಟಿನ ಡಿಕ್ರಿ ಜಾರಿಯಲ್ಲಿ ಸಂಬಳದ ಮೊದಲ 1,000 ರೂಪಾಯಿ ಮತ್ತು ಉಳಿದುದರ ಮೂರರಲ್ಲಿ ಎರಡು ಪಾಲಿಗೆ ರಕ್ಷಣೆ ಇದೆ. ಲೆಕ್ಕಕ್ಕೆ ಬರುವ ಸಂಬಳ 31,000 ಆದರೆ ತಿಂಗಳಿಗೆ 10,000 ಹೋಗಬಹುದು. ಮಕ್ಕಳ ಫೀಸು ಕಟ್ಟುವ ಮನೆಗೆ ಇದು ಸಣ್ಣ ಪೆಟ್ಟಲ್ಲ.

ಶಿಕ್ಷಣ ಸಾಲದಲ್ಲಿ ತಂದೆ ಅಥವಾ ತಾಯಿ ಸಾಮಾನ್ಯವಾಗಿ ಸಹಸಾಲಗಾರರು. ಅಲ್ಲಿ ನೀವು ಜಾಮೀನುದಾರರೂ ಅಲ್ಲ, ಸ್ವತಃ ಸಾಲಗಾರರು.

ಜಾಮೀನುದಾರನಿಗೆ ಹಕ್ಕುಗಳೇ ಇಲ್ಲವೆಂದಲ್ಲ. ಹಣ ಕಟ್ಟಿದ ಮೇಲೆ 140 ಮತ್ತು 145ನೇ ಕಲಮುಗಳಂತೆ ಅದನ್ನು ಸಾಲಗಾರನಿಂದ ವಸೂಲು ಮಾಡಬಹುದು. ಬ್ಯಾಂಕಿನಲ್ಲಿರುವ ಅಡವಿನ ಮೇಲೂ ಹಕ್ಕು ಬರುತ್ತದೆ. ಆದ್ದರಿಂದ ಕಟ್ಟಿದ ಪ್ರತಿ ರಸೀದಿಯನ್ನೂ ಕಾಪಾಡಿರಿ. ಸುಳ್ಳು ಹೇಳಿ ಸಾಲ ಕೊಟ್ಟವರೇ ಜಾಮೀನು ಪಡೆದಿದ್ದರೆ 142ನೇ ಕಲಮಿನಂತೆ ಅದು ಅಸಿಂಧು. ಆದರೆ "ನನಗೆ ಭಾಷೆ ಬರುತ್ತಿರಲಿಲ್ಲ" ಎಂಬ ಒಂದೇ ಮಾತಿನಿಂದ ಬಿಡುಗಡೆ ಸಿಕ್ಕುವುದು ಕಷ್ಟ.

ಇಲ್ಲೇ ನಮ್ಮ ಭಾಷೆಯ ಪ್ರಶ್ನೆ ಬರುತ್ತದೆ. ಕನ್ನಡದಲ್ಲಿ ರುಜು ಹಾಕುವವರಿಂದ "ಇದರಲ್ಲಿರುವುದನ್ನು ನನಗೆ ತಿಳಿಯುವ ಭಾಷೆಯಲ್ಲಿ ವಿವರಿಸಲಾಗಿದೆ" ಎಂಬ ಹೇಳಿಕೆಯನ್ನು ಬ್ಯಾಂಕುಗಳು ಪಡೆಯುವುದುಂಟು. ಯಾರೂ ವಿವರಿಸದಿದ್ದರೂ ನಾವು ಅದಕ್ಕೆ ರುಜು ಹಾಕುತ್ತೇವೆ. ಮುಂದೆ ಅದೇ ಕಾಗದ ನಮಗೆ ವಿರುದ್ಧ ಸಾಕ್ಷಿಯಾಗುತ್ತದೆ. ವಿವರಿಸಿ ಹೇಳುವ ತನಕ ಪೆನ್ನು ಮುಟ್ಟಬೇಡಿ. ಖಾಲಿ ಜಾಗವಿರುವ ಕಾಗದಕ್ಕೆ ರುಜು ಬೇಡ. ಇಂತಿಷ್ಟು ಮೊತ್ತಕ್ಕೆ ಮಾತ್ರ ಹೊಣೆ ಎಂದು ಬರೆಸಲು ಕೇಳಿರಿ. ಕಾನೂನು ಅದಕ್ಕೆ ಅಡ್ಡಿಯಲ್ಲ. ಕರಾರಿನ ಪ್ರತಿ ಕೇಳಿ ಪಡೆಯಿರಿ. ನೋಟೀಸು ಬಂದರೆ ಪೆಟ್ಟಿಗೆಯಲ್ಲಿಡದೆ ವಕೀಲರಿಗೆ ತೋರಿಸಿರಿ. ತಾಲೂಕು ಕಚೇರಿಯಿಂದ ವಸೂಲಿಗೆ ಬಂದರೆ ನಿಮ್ಮ ಅಹವಾಲನ್ನು ಕನ್ನಡದಲ್ಲೇ ಬರೆದು ಕೊಡಬಹುದು. ಅಧಿಕಾರಿಗಳಿಗೆ ರಾಜ್ಯದಲ್ಲಿ ಬಳಕೆಯಲ್ಲಿರುವ ಯಾವುದೇ ಭಾಷೆಯಲ್ಲಿ ಅಹವಾಲು ಸಲ್ಲಿಸುವ ಹಕ್ಕನ್ನು ಸಂವಿಧಾನದ 350ನೇ ವಿಧಿ ಕೊಟ್ಟಿದೆ.

ಜಾಮೀನು ನಿಲ್ಲಲೇಬೇಡಿ ಎಂದು ನಾನು ಹೇಳುವುದಿಲ್ಲ. ಒಬ್ಬರಿಗೊಬ್ಬರು ನಿಲ್ಲದಿದ್ದರೆ ನಮ್ಮ ಮಕ್ಕಳು ಕಾಲೇಜಿನ ಮೆಟ್ಟಿಲು ಹತ್ತುವುದು ಕಷ್ಟ. ಆ ಸಾಲವನ್ನು ನಾನೇ ತೀರಿಸಬೇಕಾಗಿ ಬಂದರೆ ನನ್ನ ಮನೆ ತಾಳೀತೇ ಎಂದು ಮನೆಯವರೊಂದಿಗೆ ಕುಳಿತು ಲೆಕ್ಕ ಹಾಕಿ. ತಾಳುವುದಾದರೆ ನಿಲ್ಲಿ. ಇಲ್ಲವಾದರೆ "ಆಗದು" ಎಂದು ಇಂದೇ ಹೇಳುವುದು ಲೇಸು.